ವಾಡಿ–ತಾಂಡೂರು ಲೈನಿನ ನಮ್ಮ ಹಳೇ ಸ್ಟೇಷನ್ ಯಾವ ಕಾಲದ್ದು? ಕೆಡವೋ ಮೊದಲು ಗೊತ್ತಾಗಬೇಕು

ತೊಗರಿ ಹೊಲ
ಎಲ್ಲರಿಗೂ ನಮಸ್ಕಾರ ರೀ. ವಾಡಿ–ತಾಂಡೂರು ಲೈನಿನಲ್ಲಿ ನಮ್ಮ ಅವ್ವನ ತವರೂರಿದೆ. ಸಣ್ಣ ಊರು, ಹೆಸರು ಹಾಕಿದರೆ ಯಾರ ಮನೆಯ ಮಾತು ಅಂತ ತಕ್ಷಣ ಗೊತ್ತಾಗುತ್ತದೆ, ಹಾಗಾಗಿ ಹಾಕಿಲ್ಲ. ಅಲ್ಲಿ ಒಂದು ರೈಲ್ವೆ ಸ್ಟೇಷನ್ ಇತ್ತು. ಕಟ್ಟಡ ಈಗಲೂ ಇದೆ, ಆದರೆ ಹೆಸರಿನ ಹಲಗೆ ಇಲ್ಲ, ಗಾಡಿ ನಿಲ್ಲುವುದಿಲ್ಲ. 2020ರ ಲಾಕ್‌ಡೌನ್‌ಗೆ ಮೊದಲು ಒಂದು ಪ್ಯಾಸೆಂಜರ್ ನಿಲ್ಲುತ್ತಿತ್ತು, ಆಮೇಲೆ ಅದೂ ಹೋಯಿತು.

ಈಗ ಊರಲ್ಲಿ ಕೆಲವರು ಅದನ್ನು ಕೆಡವಿಸಿ ಸಮುದಾಯ ಭವನ ಕಟ್ಟಿಸಬೇಕು ಅಂತ ಓಡಾಡುತ್ತಿದ್ದಾರೆ. ಗ್ರಾಮಸಭೆಯಲ್ಲಿ ಒಬ್ಬರು ಎದ್ದು ನಿಂತು "ಅದೇನು ಐವತ್ತು ವರ್ಷದ ಹಿಂದಿನದು, ಅದರಲ್ಲಿ ಇತಿಹಾಸ ಎಲ್ಲಿಂದ ಬಂತು" ಅಂದರು. ಇನ್ನೊಬ್ಬರು "ಬ್ರಿಟಿಷರದು, ಹೋಗಲಿ ಬಿಡಿ" ಅಂದರು. ನನಗೆ ಎರಡೂ ಸರಿ ಅನ್ನಿಸಲಿಲ್ಲ, ಆದರೆ ಕೈಯಲ್ಲಿ ಪುರಾವೆ ಇರಲಿಲ್ಲ. ಕಟ್ಟಡ ಹೀಗಿದೆ: ಎರಡು ಕೋಣೆ, ಎದುರಿಗೆ ಪಡಸಾಲೆ, ದಪ್ಪ ಕಲ್ಲಿನ ಗೋಡೆ, ಟಿಕೆಟ್ ಕಿಟಕಿಗೆ ಕಮಾನು, ನೆಲಕ್ಕೆ ಫರ್ಸಿ ಕಲ್ಲು. ಪಕ್ಕದಲ್ಲಿ ಮುಚ್ಚಿಹೋದ ಬಾವಿ, ಸ್ವಲ್ಪ ದೂರ ಮಾಲ್‌ಧಕ್ಕಾ, ಅಂದರೆ ಗಾಡಿಗೆ ಸಾಮಾನು ಹತ್ತಿಸಿ ಇಳಿಸುವ ಕಟ್ಟೆ. ಇದು ಯಾವ ಕಾಲದ್ದು ಅಂತ ಗೊತ್ತು ಮಾಡೋದು ಹೇಗೆ? ತಿಳಿದವರು ಹೇಳಿ.

ವಾಡಿ ಜಂಕ್ಷನ್
ಲೈನ್ ಶುರುವಾಗಿದ್ದು 1874ರಲ್ಲಿ, ವಾಡಿಯಿಂದ ಸಿಕಂದರಾಬಾದಿಗೆ. ಕಟ್ಟಡ ಅಷ್ಟು ಹಳೇದಾ ಇಲ್ವಾ ಅನ್ನೋದು ಬೇರೆ ಪ್ರಶ್ನೆ. ಎಷ್ಟೋ ಸ್ಟೇಷನ್‌ಗಳು ಲೈನ್ ಬಂದ ಎಷ್ಟೋ ವರ್ಷದ ಮೇಲೆ ಎದ್ದವು.

ಗುಂಬಜ್
ಬ್ರಿಟಿಷರು ಕಟ್ಟಿದ್ದೇ ಅಲ್ವಾ ಎಲ್ಲಾ? ಅದರಲ್ಲಿ ಚರ್ಚೆ ಏನಿದೆ.

ವಾಡಿ ಜಂಕ್ಷನ್
@ಗುಂಬಜ್ ಅಣ್ಣಾ, ಇಲ್ಲೇ ಎಲ್ಲರೂ ಎಡವುತ್ತಾರೆ. ನಮ್ಮ ಜಿಲ್ಲೆಯಲ್ಲಿ ಎರಡು ಬೇರೆ ಬೇರೆ ಕಂಪನಿಯ ಹಳಿ ಇದ್ದವು. ಮುಂಬೈನಿಂದ ಸೋಲಾಪುರ, ಕಲಬುರಗಿ, ಶಹಾಬಾದ್, ವಾಡಿ, ಯಾದಗಿರಿ ದಾಟಿ ರಾಯಚೂರಿಗೆ ಹೋಗುವುದು ಜಿಐಪಿ, ಅಂದರೆ ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ. ಅದು 1871ರಲ್ಲಿ ರಾಯಚೂರಿನಲ್ಲಿ ಮದ್ರಾಸ್ ಕಡೆಯ ಲೈನಿಗೆ ಕೂಡಿತು. ವಾಡಿಯಿಂದ ಪೂರ್ವಕ್ಕೆ ಚಿತ್ತಾಪುರ, ಮಳಖೇಡ ರೋಡ್, ಸೇಡಂ, ತಾಂಡೂರು ಅಂತ ಹೋಗುವುದು ನಿಜಾಮ್ ಸರ್ಕಾರದ ದುಡ್ಡಿನ ಲೈನ್. ವಾಡಿ ಆ ಎರಡರ ಹೊಲಿಗೆ. ಮುಂಬೈನಿಂದ ಹೈದರಾಬಾದಿಗೆ ಹೋಗೋರು ಇಲ್ಲಿ ಇಳಿದು ಬೇರೆ ಗಾಡಿ ಹತ್ತಬೇಕಿತ್ತು. ನಿಮ್ಮ ಸ್ಟೇಷನ್ ನಿಜಾಮ್ ಲೈನಿನದು.

ಯಾದಗಿರಿ ಕೋಟೆ
ಹಾಗಾದರೆ ನಮ್ಮ ಯಾದಗಿರಿ ಸ್ಟೇಷನ್ ಮೂರು ವರ್ಷ ಹಿರಿಯ.

ಸೇಡಂ ಸೀಮೆ
"ನಿಜಾಮ್ ಕಟ್ಟಿಸಿದ" ಅನ್ನೋ ಮಾತಿಗೂ ನನ್ನ ತಕರಾರಿದೆ. ಮೀರ್ ಮಹಬೂಬ್ ಅಲಿ ಖಾನ್ ಹುಟ್ಟಿದ್ದೇ 1866ರಲ್ಲಿ, ಪಟ್ಟಕ್ಕೆ ಬಂದಿದ್ದು 1869ರಲ್ಲಿ. ಲೈನ್ ಒಪ್ಪಂದ ಆದಾಗ ಇನ್ನೂ ಎಳೇ ಕೂಸು. ಎಲ್ಲಾ ನಡೆಸಿದ್ದು ದಿವಾನ ಸಾಲಾರ್ ಜಂಗ್. ಅವರಿಗೂ ಪೂರ್ತಿ ಮನಸ್ಸಿತ್ತು ಅಂತ ಹೇಳೋಕಾಗಲ್ಲ, ಸಿಕಂದರಾಬಾದಿನ ದಂಡಿಗೆ ರೈಲು ಬೇಕು ಅಂತ ಬ್ರಿಟಿಷರ ಒತ್ತಡ ಇತ್ತು. ಹಣ ಸಂಸ್ಥಾನದ್ದು, ಒತ್ತಾಯ ಕಂಪನಿ ಸರ್ಕಾರದ್ದು.

ಗುಂಬಜ್
1857ರ ಮೇಲೆ ಕಂಪನಿ ಸರ್ಕಾರ ಎಲ್ಲಿತ್ತು ಅಣ್ಣಾ? 1858ರಲ್ಲೇ ರಾಣಿ ಕೈಗೆ ಹೋಯಿತು.

ಸೇಡಂ ಸೀಮೆ
ನಮ್ಮ ಕಡೆ ಹಿರಿಯರು ಇಂಗ್ರೇಜಿಯವರನ್ನೆಲ್ಲಾ ಕಂಪನಿ ಸರ್ಕಾರ ಅಂತಲೇ ಕರೀತಾರೆ. ಮಾತಿನ ತಿರುಳು ನೋಡಿ. ಮುಂದೆ 1883ರಲ್ಲಿ ಲಂಡನ್ನಿನಲ್ಲಿ ಒಂದು ಕಂಪನಿ ಮಾಡಿ ಲೈನನ್ನು ಅದಕ್ಕೆ ಒಪ್ಪಿಸಿದರು, ನಿಜಾಮ್ಸ್ ಗ್ಯಾರಂಟೀಡ್ ಸ್ಟೇಟ್ ರೈಲ್ವೆ ಅಂತ. ಗ್ಯಾರಂಟೀಡ್ ಅಂದರೆ ಷೇರುದಾರರ ಬಡ್ಡಿಗೆ ಹೈದರಾಬಾದಿನ ಖಜಾನೆ ಹೊಣೆ. ಲಾಭ ಬರಲಿ ಬಿಡಲಿ ಲಂಡನ್ನಿನವರಿಗೆ ಬಡ್ಡಿ ಹೋಗಲೇಬೇಕು. ಆ ಖಜಾನೆ ತುಂಬಿಸಿದ್ದು ಯಾರು? ನಮ್ಮ ಜೋಳ, ನಮ್ಮ ಹತ್ತಿ, ನಮ್ಮ ತೊಗರಿ ಮೇಲಿನ ಕಂದಾಯ. ಆಗಲೇ ಇದನ್ನು ವಿರೋಧಿಸಿದವರೂ ಇದ್ದರು. ಸರೋಜಿನಿ ನಾಯ್ಡು ಅವರ ತಂದೆ ಅಘೋರನಾಥ ಚಟ್ಟೋಪಾಧ್ಯಾಯ ಅವರು ಚಾಂದಾ ರೈಲ್ವೆ ಯೋಜನೆಯ ವಿರುದ್ಧ ಮಾತಾಡಿದ್ದಕ್ಕೆ 1883ರಲ್ಲಿ ಹೈದರಾಬಾದಿನಿಂದ ಗಡೀಪಾರಾದರು. ಅದಕ್ಕೇ ಗ್ರಾಮಸಭೆಯಲ್ಲಿ ಬ್ರಿಟಿಷರದು ಅಂದವರಿಗೆ ನೀವು ಹೇಳಬೇಕಾದ ಮಾತು ಒಂದೇ: ಅದು ನಿಮ್ಮ ಮುತ್ತಾತನ ದುಡ್ಡು.

ತೊಗರಿ ಹೊಲ
ಇದು ನನಗೆ ಗೊತ್ತೇ ಇರಲಿಲ್ಲ. ಶಾಲೆಯಲ್ಲಿ 1853ರ ಬೋರಿಬಂದರ್–ಠಾಣೆ ಗಾಡಿ ಒಂದನ್ನೇ ಹೇಳಿಕೊಟ್ಟರು. ಮನೆ ಮುಂದಿನ ಹಳಿ ಯಾರದು ಅಂತ ಯಾರೂ ಹೇಳಲಿಲ್ಲ.

ಶಹಾಬಾದಿ ಫರ್ಸಿ
ಕಟ್ಟಡದ ಕಾಲ ತಿಳಿಯೋಕೆ ಕೆಲವು ಗುರುತು ಹೇಳ್ತೀನಿ. ನಮ್ಮ ಮನೆಯಲ್ಲಿ ಮೂರು ತಲೆಮಾರಿನಿಂದ ಕಲ್ಲಿನ ಕೆಲಸ.

ಗೋಡೆಯ ಸಂದಿಯಲ್ಲಿ ಗಚ್ಚು, ಅಂದರೆ ಸುಣ್ಣದ ಗಾರೆ, ಇದೆಯಾ ಸಿಮೆಂಟ್ ಇದೆಯಾ ನೋಡಿ. ಉಗುರಿನಿಂದ ಕೆರೆದರೆ ಗಚ್ಚು ಬೆಳ್ಳಗೆ ಪುಡಿ ಬರುತ್ತದೆ, ಒಳಗೆ ಮರಳಿನ ಜೊತೆ ಇಟ್ಟಿಗೆ ಚೂರಿನ ಕೆಂಪು ಚುಕ್ಕೆ ಕಾಣಬಹುದು. ಸಿಮೆಂಟ್ ಬೂದು ಬಣ್ಣ, ಉಗುರಿಗೆ ಬಗ್ಗಲ್ಲ. ಮೇಲಿಂದ ಸಿಮೆಂಟ್ ಮೆತ್ತಿರುತ್ತಾರೆ, ಮೋಸ ಹೋಗಬೇಡಿ, ಪ್ಲಾಸ್ಟರ್ ಉದುರಿದ ಜಾಗದಲ್ಲಿ ನೋಡಿ. ಇನ್ನು ಫರ್ಸಿ. ಹಳೇ ಫರ್ಸಿಯ ಅಂಚು ಕೈಯಲ್ಲಿ ಉಳಿ ಹೊಡೆದದ್ದು, ಗೆರೆ ಸ್ವಲ್ಪ ಡೊಂಕು ಇರುತ್ತದೆ. ಮಶೀನಿನಲ್ಲಿ ಕೊಯ್ದ ಫರ್ಸಿ ಅಂಚು ಬ್ಲೇಡ್ ಹಾಗೆ ನೇರ. ಒಂದು ಫರ್ಸಿ ಎಬ್ಬಿಸಿ ಅಡಿಭಾಗ ನೋಡಿದರೆ ಖಣಿಯಲ್ಲಿ ಪದರ ಬಿಟ್ಟ ಗುರುತು ಹಾಗೇ ಇರುತ್ತದೆ.

ಮಾಲ್‌ಧಕ್ಕಾ
ಎಬ್ಬಿಸೋದೆಲ್ಲಾ ಬೇಡ ಮಾರಾಯ್ರೆ, ರೈಲ್ವೆ ಆಸ್ತಿ ಅದು. ಕೇಸ್ ಆದರೆ ಯಾರು ನೋಡ್ತಾರೆ? ಬೇಲಿಯ ಕಂಬ ನೋಡಿ ಸಾಕು. ಹಳೇ ಸ್ಟೇಷನ್‌ಗಳಲ್ಲಿ ಸವೆದ ಹಳಿಗಳನ್ನೇ ತುಂಡು ಮಾಡಿ ಕಂಬ ನೆಡುತ್ತಿದ್ದರು, ಛಾವಣಿಗೂ ತೊಲೆಯಾಗಿ ಹಾಕುತ್ತಿದ್ದರು. ಹಳಿಯ ಪಕ್ಕದ ಸಪಾಟು ಭಾಗದಲ್ಲಿ ಮಾಡಿದ ಕಾರ್ಖಾನೆಯ ಹೆಸರು, ಇಸವಿ ಉಬ್ಬು ಅಕ್ಷರದಲ್ಲಿ ಇರುತ್ತದೆ.

ಕಲ್ದಾರ್
ಸವೆದ ಹಳಿ ಅಂತ ನೀವೇ ಅಂದಿರಿ. ಹಾಗಾದರೆ ಆ ಇಸವಿ ಹಳಿ ಕಾರ್ಖಾನೆಯಲ್ಲಿ ತಯಾರಾದ ವರ್ಷ, ಕಟ್ಟಡ ಕಟ್ಟಿದ ವರ್ಷ ಅಲ್ಲ. 1880ರ ಹಳಿ ಮೂವತ್ತು ವರ್ಷ ಗಾಡಿ ಹೊತ್ತು ಆಮೇಲೆ ಕಂಬ ಆಗಿರಬಹುದು. ಕಟ್ಟಡ ಅದಕ್ಕಿಂತ ಹಳೇದೂ ಇರಬಹುದು, ಹೊಸದೂ ಇರಬಹುದು. ಪುರಾವೆ ಅಂತ ಗ್ರಾಮಸಭೆಯಲ್ಲಿ ಇಟ್ಟರೆ ಯಾರಾದರೂ ಇದೇ ಪ್ರಶ್ನೆ ಕೇಳ್ತಾರೆ.

ಮಾಲ್‌ಧಕ್ಕಾ
ಬೇಲಿ ಕಂಬಕ್ಕೆ ಒಪ್ಪಿದೆ. ಛಾವಣಿಯ ತೊಲೆ ಗೋಡೆಯೊಳಗೇ ಕೂತಿದ್ದರೆ ಗೋಡೆ ಆ ಇಸವಿಗಿಂತ ಹಿಂದಿನದು ಆಗೋಕೆ ಸಾಧ್ಯ ಇಲ್ಲ ಅಂತಾದರೂ ಗೊತ್ತಾಗುತ್ತದಲ್ಲ. ಅಷ್ಟಾದರೂ ಸಿಕ್ಕಿತು.

ಕಲ್ದಾರ್
ಛಾವಣಿ ಬದಲಾಯಿಸಿಲ್ಲ ಅಂತಾದರೆ ಮಾತ್ರ.

ಪಾಯಿಂಟ್ಸ್‌ಮನ್ ಮಗಳು
ನಮ್ಮ ಅಪ್ಪ ಇದೇ ಲೈನಿನಲ್ಲಿ ಪಾಯಿಂಟ್ಸ್‌ಮನ್ ಆಗಿದ್ದರು. ನೀವೆಲ್ಲಾ ಕಲ್ಲು, ಹಳಿ, ನಿಜಾಮ್ ಅಂತ ಮಾತಾಡ್ತಿದ್ದೀರಿ, ಸ್ಟೇಷನ್ ಒಳಗೆ ಕೆಲಸ ಹೇಗೆ ನಡೀತಿತ್ತು ಅಂತಲೂ ಬರೆದಿಡಬೇಕು ಅನ್ನಿಸಿತು.

ಒಂಟಿ ಹಳಿ ಇದ್ದಾಗ ಟೋಕನ್, ಅಂದರೆ ಮುಂದೆ ಹೋಗಲು ಒಪ್ಪಿಗೆಯ ಗುರುತು, ಇಲ್ಲದೆ ಗಾಡಿ ಮುಂದೆ ಹೋಗುವ ಹಾಗಿರಲಿಲ್ಲ. ಮಾಸ್ತರರ ಕೋಣೆಯಲ್ಲಿ ಕೆಂಪು ಬಣ್ಣದ ಮಶೀನು, ಆ ಕಡೆ ಸ್ಟೇಷನ್‌ಗೆ ಒಂದು, ಈ ಕಡೆ ಸ್ಟೇಷನ್‌ಗೆ ಒಂದು. ಪಕ್ಕದ ಸ್ಟೇಷನ್ ಮಾಸ್ತರರು ಗಂಟೆ ಹೊಡೆದು ಒಪ್ಪಿಗೆ ಕೊಟ್ಟರೆ ಮಾತ್ರ ಮಶೀನಿನಿಂದ ಕಬ್ಬಿಣದ ಗುಂಡು ಹೊರಗೆ ಬರುತ್ತಿತ್ತು. ಅದನ್ನು ಚರ್ಮದ ಚೀಲದಲ್ಲಿ ಹಾಕಿ, ಆ ಚೀಲವನ್ನು ಬೆತ್ತದ ದೊಡ್ಡ ಬಳೆಗೆ ಕಟ್ಟಿ, ನಿಲ್ಲದೆ ಹೋಗುವ ಮೇಲ್ ಗಾಡಿಯ ಡ್ರೈವರನ ಕೈಗೆ ಸಿಗುವ ಹಾಗೆ ಎತ್ತಿ ಹಿಡಿಯಬೇಕು. ಡ್ರೈವರ್ ತೋಳು ತೂರಿಸಿ ಅದನ್ನು ಎಳೆದುಕೊಂಡು, ಹಿಂದಿನ ಸ್ಟೇಷನ್‌ನ ಬಳೆಯನ್ನು ಕೆಳಗೆ ಎಸೆಯುತ್ತಿದ್ದ. ರಾತ್ರಿ ಆದರೆ ಒಂದು ಕೈಯಲ್ಲಿ ಬಳೆ, ಇನ್ನೊಂದು ಕೈಯಲ್ಲಿ ಉರಿಯುವ ಮಶಾಲು. ಅಪ್ಪನ ಬಲಗೈ ಮಣಿಕಟ್ಟಿನ ಮೇಲೆ ಬಳೆ ಬಡಿದ ಗಾಯದ ಕಲೆ ಕೊನೆಯವರೆಗೂ ಇತ್ತು.

ಟಿಕೆಟ್ ಅಂದರೆ ಬೆರಳುದ್ದದ ಗಟ್ಟಿ ಕಾರ್ಡು. ಮಾಸ್ತರರು ಅದನ್ನು ತಾರೀಖಿನ ಮಶೀನಿಗೆ ತೂರಿಸಿ ಖಟಕ್ ಅಂತ ಒತ್ತುತ್ತಿದ್ದರು. ಆ ಸದ್ದು ಕೇಳಿದರೆ ಸಾಕು, ಹೊರಗೆ ಬೇವಿನ ಮರದ ಕೆಳಗೆ ಕೂತವರೆಲ್ಲಾ ಗಂಟು ಎತ್ತಿಕೊಂಡು ಸಾಲಿಗೆ ಬರುತ್ತಿದ್ದರು.

ತೊಗರಿ ಹೊಲ
ಅಕ್ಕಾ, ಇದನ್ನು ದಯವಿಟ್ಟು ಇನ್ನೂ ಬರೆಯಿರಿ. ನಮ್ಮ ಸ್ಟೇಷನ್ ಕೋಣೆಯಲ್ಲಿ ಗೋಡೆಗೆ ಅಂಟಿದ ಹಾಗೆ ಎರಡು ಕಲ್ಲಿನ ಕಟ್ಟೆ ಇದೆ. ಅದು ಏನಕ್ಕೆ ಅಂತ ಯಾರಿಗೂ ಗೊತ್ತಿರಲಿಲ್ಲ. ಆ ಮಶೀನು ಕೂರಿಸೋಕೇ ಇರಬೇಕು ಅಲ್ವಾ?

ಪಾಯಿಂಟ್ಸ್‌ಮನ್ ಮಗಳು
ಇರಬಹುದು ತಮ್ಮಾ. ಕಟ್ಟೆಯ ಮೇಲೆ ಬೋಲ್ಟಿನ ತೂತು ಇದೆಯಾ, ಹತ್ತಿರದ ಗೋಡೆಯಲ್ಲಿ ತಂತಿ ಹೊರಗೆ ಹೋಗೋ ತೂತು ಇದೆಯಾ ನೋಡು.

ಮಿರ್ಚಿ ಭಜಿ
ವಾಡಿ ಪ್ಲಾಟ್‌ಫಾರ್ಮಿನಲ್ಲಿ ಬೆಳಗಿನ ಜಾವ ಇಳಿದು ಚಹಾ ಕುಡಿದವರು ಕೈ ಎತ್ತಿ.

ಯಾದಗಿರಿ ಕೋಟೆ
🙋

ಕಲ್ದಾರ್
ಚಹಾ ಪಕ್ಕಕ್ಕಿಡಿ, ವಾಡಿಯ ಇನ್ನೊಂದು ಸಂಗತಿ ಹೇಳ್ತೀನಿ. ಸಂಸ್ಥಾನದ ಒಳಗೆ ಹಾಲಿ ಸಿಕ್ಕಾ ರೂಪಾಯಿ, ಹೊರಗೆ ಇಂಗ್ರೇಜಿ ರೂಪಾಯಿ, ಅದಕ್ಕೆ ನಮ್ಮವರು ಕಲ್ದಾರ್ ಅನ್ನುತ್ತಿದ್ದರು. ಸುಮಾರು 7 ಹಾಲಿ ರೂಪಾಯಿಗೆ 6 ಕಲ್ದಾರ್. ಸಾಮಾನು ಒಳಗೆ ಬಂದರೆ ಕರೋಡಗಿರಿಯವರ ತಪಾಸಣೆ, ಅಂದರೆ ನಿಜಾಮ್ ಸರ್ಕಾರದ ಸುಂಕದವರು.

ಇನ್ನೂ ವಿಚಿತ್ರ ಅಂದರೆ ಹಳಿ ಇರುವ ಜಾಗ. ನೆಲ ನಿಜಾಮರದು, ಆದರೆ ರೈಲ್ವೆ ಜಮೀನಿನ ಮೇಲೆ ಬ್ರಿಟಿಷರ ಪೊಲೀಸು, ಬ್ರಿಟಿಷರ ಕಾನೂನು. ಇದೇ ಲೈನಿನ ಶಂಕರಪಲ್ಲಿ ಸ್ಟೇಷನ್‌ನಲ್ಲಿ ಸಂಸ್ಥಾನದ ಒಬ್ಬ ಪ್ರಜೆಯನ್ನು ಸಿಮ್ಲಾದ ಮ್ಯಾಜಿಸ್ಟ್ರೇಟ್ ಕೊಟ್ಟ ವಾರಂಟ್ ಹಿಡಿದು ಬಂಧಿಸಿದರು. ಕೇಸು ಲಂಡನ್ನಿನ ಪ್ರಿವಿ ಕೌನ್ಸಿಲ್, ಅಂದರೆ ಆಗಿನ ಕೊನೆಯ ಮೇಲ್ಮನವಿ ಕೋರ್ಟಿನ ತನಕ ಹೋಯಿತು. 1897ರಲ್ಲಿ ತೀರ್ಪು ಬಂತು: ನಿಜಾಮರು ಅಧಿಕಾರ ಬಿಟ್ಟುಕೊಟ್ಟಿದ್ದು ರೈಲ್ವೆ ಆಡಳಿತದ ಮಟ್ಟಿಗೆ ಮಾತ್ರ, ಬೇರೆ ಕಡೆ ನಡೆದ ಅಪರಾಧಕ್ಕೆ ಅಲ್ಲಿ ಬಂಧಿಸಿದ್ದು ಅಕ್ರಮ. ಸಣ್ಣ ಸ್ಟೇಷನ್ ಅಂತ ಮೂಗು ಮುರೀತಾರಲ್ಲ, ಅಂಥದೇ ಒಂದು ಸಣ್ಣ ಸ್ಟೇಷನ್ ಲಂಡನ್ ತನಕ ಹೋಗಿ ಬಂದಿದೆ.

ಸೇಡಂ ಸೀಮೆ
ಇದು ಗ್ರಾಮಸಭೆಯಲ್ಲಿ ಓದಿ ಹೇಳುವಂಥದ್ದು.

ದತ್ತನ ಪಾದ
ಸಂಸ್ಥಾನದ ಮಾತು ಬಂದರೆ 1948 ಬಿಡೋಕಾಗಲ್ಲ. ಮೇ 22ರಂದು ಗಾಣಗಾಪುರ ಸ್ಟೇಷನ್‌ನಲ್ಲಿ ನಿಜಾಮ್ ಪರದ ಖಾಸಗಿ ಪಡೆ ರಜಾಕಾರರು ಮದ್ರಾಸ್–ಮುಂಬೈ ಮೇಲ್ ಗಾಡಿಯ ಮೇಲೆ ದಾಳಿ ಮಾಡಿದರು. ದೇಶವೆಲ್ಲಾ ಸುದ್ದಿ ಆಯಿತು. ಈಗ ಅಲ್ಲಿ ಇಳಿಯೋ ಭಕ್ತರಲ್ಲಿ ನೂರಕ್ಕೆ ಒಬ್ಬರಿಗೂ ಇದು ಗೊತ್ತಿರಲ್ಲ. ಇಳೀತಾರೆ, ಟಂಟಂ ಹಿಡೀತಾರೆ, ಗುಡಿಗೆ ಹೋಗ್ತಾರೆ. ಅಲ್ಲೊಂದು ಫಲಕ ಇರಬೇಕು ಅಂತ ನನ್ನ ಅಭಿಪ್ರಾಯ.

ಗುಂಬಜ್
ಅದನ್ನು ಈಗ ಯಾಕೆ ಕೆದಕಬೇಕು?

ದತ್ತನ ಪಾದ
ಕೆದಕೋದಲ್ಲ. ಸತ್ತವರಿಗೆ ಒಂದು ಗೌರವ.

ಅಡ್ಮಿನ್
ನಡೆದದ್ದನ್ನು ಹೇಳಿ, ಅದಕ್ಕೆ ತಡೆ ಇಲ್ಲ. ಆದರೆ ಇವತ್ತಿನ ಜನರ ಮೇಲೆ ತಿರುಗಿಸಿದರೆ ಕಾಮೆಂಟ್ ತೆಗೀತೀನಿ. ಸ್ಟೇಷನ್ ವಿಷಯಕ್ಕೆ ಬನ್ನಿ.

ಮಾಲ್‌ಧಕ್ಕಾ
ಬರ್ತೀನಿ. ಕೋವಿಡ್ ಬಂದು ಸ್ಟೇಷನ್ ಸತ್ತಿತು ಅಂತ ಮೊದಲ ಪೋಸ್ಟಿನಲ್ಲಿ ಧ್ವನಿ ಇದೆ, ನಾನು ಒಪ್ಪಲ್ಲ. ಆ ಸ್ಟೇಷನ್‌ಗಳ ಉಸಿರು ನಿಂತಿದ್ದು 1980ರ ದಶಕದಲ್ಲೇ. ಅದಕ್ಕೂ ಮೊದಲು ನೀವು ಒಂದು ವ್ಯಾಗನ್ ಸಾಮಾನು ಇದ್ದರೂ ಬುಕ್ ಮಾಡಬಹುದಿತ್ತು, ಹತ್ತು ಚೀಲ ಇದ್ದರೂ ಕಳಿಸಬಹುದಿತ್ತು. ತೊಗರಿ, ಕುಸುಬೆ, ಹತ್ತಿ ಅಂಡಿಗೆ, ಫರ್ಸಿ, ಎಲ್ಲಾ ಎತ್ತಿನ ಬಂಡಿಯಲ್ಲಿ ಧಕ್ಕಾಕ್ಕೆ ಬರುತ್ತಿತ್ತು. ಅಡತಿ ಅಂಗಡಿಯ ಗುಮಾಸ್ತರು, ಹಮಾಲರು, ಗುಡಿಸಲು ಹೋಟೆಲ್, ಬಂಡಿ ರಿಪೇರಿಯ ಬಡಿಗೇರ, ಇಷ್ಟು ಜನರ ಹೊಟ್ಟೆ ಸ್ಟೇಷನ್ ಮೇಲಿತ್ತು. ಆಮೇಲೆ ರೈಲ್ವೆಯವರು ಬಿಡಿ ವ್ಯಾಗನ್ ಬಿಟ್ಟು ಇಡೀ ರೇಕ್, ಅಂದರೆ ಪೂರ್ತಿ ಗಾಡಿಯಷ್ಟು ವ್ಯಾಗನ್, ಇದ್ದರೆ ಮಾತ್ರ ತೊಗೊಳ್ಳೋದು ಅಂತ ತಿರುಗಿದರು. ಇಡೀ ರೇಕ್ ತುಂಬಿಸೋದು ಸಿಮೆಂಟ್ ಕಾರ್ಖಾನೆಯವರಿಗೆ ಆಗುತ್ತದೆ, ತೊಗರಿ ರೈತನಿಗೆ ಆಗುತ್ತದಾ? ವಾಡಿ, ಸೇಡಂ, ಮಳಖೇಡದ ಕಾರ್ಖಾನೆಗಳಿಗೆ ತಮ್ಮದೇ ಸೈಡಿಂಗ್, ಅಂದರೆ ಕಾರ್ಖಾನೆಗೇ ಹೋಗುವ ಕವಲು ಹಳಿ, ಬಂದವು. ಸಣ್ಣ ಸ್ಟೇಷನ್‌ನ ಮಾಲು ಲಾರಿ ಹತ್ತಿತು. ಉಗಿ ಎಂಜಿನ್ ಹೋದ ಮೇಲೆ ನೀರಿಗೆ ನಿಲ್ಲುವ ಅಗತ್ಯವೂ ಹೋಯಿತು. ಆ ಮುಚ್ಚಿದ ಬಾವಿ ನೋಡಿ, ಹತ್ತಿರದಲ್ಲಿ ಟ್ಯಾಂಕಿಯ ಕಲ್ಲಿನ ಬುಡ ಏನಾದರೂ ಇದ್ದರೆ ಎಂಜಿನ್‌ಗೆ ನೀರು ಕೊಡುತ್ತಿದ್ದ ಸ್ಟೇಷನ್ ಅಂತ ಅರ್ಥ. ಕೊನೆಗೆ ಉಳಿದದ್ದು ಪ್ಯಾಸೆಂಜರ್ ಒಂದೇ. ಆದ್ದರಿಂದ ಬರೀ ಟಿಕೆಟ್ ಕಿಟಕಿಯ ಫೋಟೋ ತೆಗೆದು ಬಿಡಬೇಡಿ. ಆ ಊರಿನ ಕತೆ ಧಕ್ಕಾದ ಮೇಲಿದೆ.

ಶಹಾಬಾದಿ ಫರ್ಸಿ
ನೂರಕ್ಕೆ ನೂರು ನಿಜ. ನಮ್ಮ ಫರ್ಸಿ ಮುಂಬೈ ಮನೆಗಳ ನೆಲಕ್ಕೆ ಹೋಗಿದ್ದೇ ರೈಲು ಇದ್ದದ್ದರಿಂದ. ಊರಿನ ಹೆಸರೇ ಕಲ್ಲಿಗೆ ಬಂತು.

ಬಿದರಿ ಕುಸುರಿ
ನೀವು ಕಲಬುರಗಿಯವರು ಪುಣ್ಯವಂತರು, 150 ವರ್ಷದ ಹಿಂದೆಯೇ ಗಾಡಿ ನೋಡಿದಿರಿ. ಬೀದರಿಗೆ ವಿಕಾರಾಬಾದ್ ಕಡೆಯಿಂದ ಲೈನ್ ಬಂದಿದ್ದೇ 1930ರ ಆಸುಪಾಸಿನಲ್ಲಿ. ಬೀದರಿನಿಂದ ಕಲಬುರಗಿಗೆ ನೇರ ರೈಲು 2017ರ ಅಕ್ಟೋಬರ್ 29ಕ್ಕೆ. 110 ಕಿಲೋಮೀಟರ್ ಲೈನಿಗೆ ಎಷ್ಟು ಚುನಾವಣೆ ಬಂದು ಹೋದವು ಹೇಳಿ.

ಗುಂಬಜ್
ಕಲಬುರಗಿ ರೈಲ್ವೆ ವಿಭಾಗದ್ದೂ ಅದೇ ಕತೆ. ಖರ್ಗೆಯವರು ರೈಲ್ವೆ ಮಂತ್ರಿ ಇದ್ದಾಗ ಘೋಷಣೆ ಆಯಿತು, ಇನ್ನೂ ಕಾಯ್ತಿದ್ದೀವಿ. ಕಲಬುರಗಿ ಸೋಲಾಪುರ ವಿಭಾಗಕ್ಕೆ, ಸೇಡಂ ಸಿಕಂದರಾಬಾದಿಗೆ. ನಮ್ಮ ಜಿಲ್ಲೆಯ ಸಣ್ಣ ಸ್ಟೇಷನ್‌ಗಳ ಬಗ್ಗೆ ಕೇಳೋರು ಯಾರೂ ಇಲ್ಲದ್ದು ಇದಕ್ಕೇ.

ಸೇಡಂ ಸೀಮೆ
ಕಾಗದಪತ್ರದ ಕಷ್ಟವೂ ಅದೇ. 1956ರ ನವೆಂಬರ್ 1ರ ತನಕ ತಾಂಡೂರು, ಕೊಡಂಗಲ್ ನಮ್ಮ ಗುಲಬರ್ಗಾ ಜಿಲ್ಲೆಯ ತಾಲೂಕುಗಳೇ. ಆ ದಿನ ನಾವು ಮೈಸೂರು ರಾಜ್ಯಕ್ಕೆ ಬಂದೆವು, ಅವು ಆಂಧ್ರಕ್ಕೆ ಹೋದವು. ಹಳೇ ದಫ್ತರ ಮಾತ್ರ ಹೈದರಾಬಾದಿನಲ್ಲೇ ಉಳಿಯಿತು. ಲೈನ್ 1930ರಲ್ಲಿ ಸಂಸ್ಥಾನದ ಕೈಗೆ ಬಂತು, 1951ರಲ್ಲಿ ಸೆಂಟ್ರಲ್ ರೈಲ್ವೆಗೆ, 1966ರಲ್ಲಿ ಸೌತ್ ಸೆಂಟ್ರಲ್‌ಗೆ. ಪ್ರತಿ ಸಲ ಕೈ ಬದಲಾದಾಗ ಕಡತ ಎಲ್ಲೆಲ್ಲಿ ಹೋಯಿತೋ. ಹುಡುಕೋದಾದರೆ ತಾರ್ನಾಕಾದ ತೆಲಂಗಾಣ ರಾಜ್ಯ ದಫ್ತರಖಾನೆಯಿಂದ ಶುರು ಮಾಡಿ. ಉರ್ದು ಓದೋರು ಜೊತೆಗೆ ಬೇಕೇ ಬೇಕು.

ಹೈಕೋರ್ಟ್ ಪೀಠ
ವಕೀಲನಾಗಿ ಒಂದು ಮಾತು. ಜಾಗ ರೈಲ್ವೆಯದ್ದಾದರೆ ಗ್ರಾಮ ಪಂಚಾಯಿತಿ ಠರಾವು ಮಾಡಿದ ಮಾತ್ರಕ್ಕೆ ಯಾರೂ ಕೆಡವುವ ಹಾಗಿಲ್ಲ. ಮೊದಲು ಮಾಹಿತಿ ಹಕ್ಕಿನ ಅರ್ಜಿ ಹಾಕಿ, 10 ರೂಪಾಯಿ ಶುಲ್ಕ, 30 ದಿನದೊಳಗೆ ಉತ್ತರ ಕೊಡಬೇಕು. ಸುಮ್ನೆ "ಸ್ಟೇಷನ್ ಇತಿಹಾಸ ಕೊಡಿ" ಅಂತ ಬರೆದರೆ ಲಭ್ಯವಿಲ್ಲ ಅಂತ ಬರುತ್ತದೆ. ಜಮೀನಿನ ನಕ್ಷೆ, ಕಟ್ಟಡದ ನಕ್ಷೆ, ಆಸ್ತಿ ರಿಜಿಸ್ಟರಿನಲ್ಲಿ ಕಟ್ಟಿದ ವರ್ಷ ನಮೂದಾದ ಪುಟ, ಸ್ಟೇಷನ್ ಮುಚ್ಚಿದ ಆದೇಶ, ಹೀಗೆ ಒಂದೊಂದೇ ದಾಖಲೆಯ ನಕಲು ಕೇಳಿ. ಅರ್ಜಿಯ ಕರಡು ಬೇಕಾದರೆ ಇಲ್ಲೇ ಹಾಕ್ತೀನಿ.

ತೊಗರಿ ಹೊಲ
ಹಾಕಿ ಸರ್, ಉಪಕಾರ ಆಗುತ್ತದೆ.

ಊರಿಗೆ ಹೋಗಿ ಬಂದೆ. ಗಚ್ಚು ಇದೆ, ಕೆಂಪು ಚುಕ್ಕೆಯೂ ಇದೆ, ಟಿಕೆಟ್ ಕಿಟಕಿಯ ಕೆಳಗೆ ಪ್ಲಾಸ್ಟರ್ ಉದುರಿದ ಕಡೆ ಸ್ಪಷ್ಟ ಕಾಣುತ್ತದೆ. ಫರ್ಸಿ ಅಂಚು ಡೊಂಕು. ಅಕ್ಕಾ, ಕಟ್ಟೆಗಳ ಮೇಲೆ ನಾಲ್ಕು ನಾಲ್ಕು ಬೋಲ್ಟಿನ ತೂತು, ಗೋಡೆಯಲ್ಲಿ ತಂತಿಯ ತೂತು, ಎಲ್ಲಾ ನೀವು ಹೇಳಿದ ಹಾಗೇ. ಬಾವಿಯ ಹತ್ತಿರ ಜಾಲಿ ಕಂಟಿ ಸರಿಸಿದರೆ ಕಲ್ಲಿನ ದುಂಡು ಬುಡ ಸಿಕ್ಕಿತು. ಪಡಸಾಲೆಯ ತೊಲೆ ಹಳಿಯದೇ, ಎರಡೂ ಕಡೆ ಗೋಡೆಯೊಳಗೆ ಕೂತಿದೆ. ಅದರ ಮೇಲೆ ಎನ್ ಜಿ ಎಸ್ ಆರ್ ಅಂತ ಇಂಗ್ಲಿಷ್ ಅಕ್ಷರ ಓದಿದೆ, ಮುಂದೆ 18 ಅಂತ ಇದೆ, ಕೊನೆಯ ಎರಡು ಅಂಕೆ ಬಣ್ಣದಲ್ಲಿ ಮುಚ್ಚಿವೆ. ಊರಿನ ಹಿರಿಯ ಹಮಾಲರೊಬ್ಬರು ಸಿಕ್ಕರು, ಅವರ ಮಾತು ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡೆ. ಧಕ್ಕಾದ ಮೇಲೆ ಯಾವ ಅಡತಿಯವರ ಚೀಲ ಎಲ್ಲಿ ಇಡಬೇಕು ಅಂತ ಕಲ್ಲಿನಲ್ಲಿ ಗೀಚಿದ ಗುರುತು ತೋರಿಸಿದರು. ಅವರ ಹಿಂದೆ ನಿಂತಿದ್ದ ಹುಡುಗರು ಭವನ ಬೇಕು ಅಂತ ಸಹಿ ಹಾಕಿದವರೇ. ಇದೆಲ್ಲಾ ನಮಗೆ ಯಾರೂ ಹೇಳಿರಲಿಲ್ಲ ಅಂದರು. ನಾಳೆ ಬಣ್ಣ ಕೆರೆದು ಇಸವಿ ಓದ್ತೀನಿ.

ಕಲ್ದಾರ್
ಎನ್ ಜಿ ಎಸ್ ಆರ್, ಅಂದರೆ ನಿಜಾಮ್ಸ್ ಗ್ಯಾರಂಟೀಡ್ ಸ್ಟೇಟ್ ರೈಲ್ವೆ, ಅಂತಿದ್ದರೆ ಆ ಹಳಿ 1883ರ ಆಚೆಯದು, ಕಂಪನಿ ಆದ ಮೇಲೆಯೇ ಆ ಹೆಸರು. ಐವತ್ತು ವರ್ಷದ ಕಟ್ಟಡ ಅನ್ನೋ ಮಾತು ಗಚ್ಚಿನಿಂದಲೇ ಬಿದ್ದುಹೋಯಿತು. ಗಚ್ಚಿನ ಫೋಟೋ ಮೊದಲು ತೋರಿಸಿ, ಹಳಿ ಆಮೇಲೆ.

ಶಹಾಬಾದಿ ಫರ್ಸಿ
ತಮ್ಮಾ, ಕೆರೀಬೇಡ! ಉಳಿ, ಕಬ್ಬಿಣದ ಬ್ರಷ್ ಯಾವುದೂ ಹಚ್ಚಬೇಡ, ಉಬ್ಬು ಅಕ್ಷರ ಮೊದಲೇ ತುಕ್ಕು ಹಿಡಿದು ಮೆತ್ತಗಾಗಿರುತ್ತದೆ. ತೆಳು ಹಾಳೆ ಒತ್ತಿ ಹಿಡಿದು ಪೆನ್ಸಿಲ್ ಅಡ್ಡ ಮಲಗಿಸಿ ಉಜ್ಜು, ಬಣ್ಣದ ಕೆಳಗಿನ ಅಂಕೆಯೂ ಮೂಡುತ್ತದೆ. ಕತ್ತಲಾದ ಮೇಲೆ ಟಾರ್ಚ್ ಪಕ್ಕದಿಂದ ಹಿಡಿದು ಫೋಟೋ ತೆಗೆ, ನೆರಳಿಗೆ ಅಕ್ಷರ ಎದ್ದು ಕಾಣುತ್ತವೆ.

ಪಾಯಿಂಟ್ಸ್‌ಮನ್ ಮಗಳು
ಹಮಾಲ್ ಕಾಕಾ ಅವರ ಹತ್ತಿರ ಇನ್ನೊಂದು ಸಲ ಹೋಗು. ಹಳಿ ನೋಡಿಕೊಳ್ಳುತ್ತಿದ್ದ ಗ್ಯಾಂಗ್‌ಮನ್‌ಗಳು ಯಾವ ಊರಿನವರು, ಎಲ್ಲಿ ಇರುತ್ತಿದ್ದರು ಅಂತ ಕೇಳು. ಅವರ ಬಗ್ಗೆ ಯಾವ ರಿಜಿಸ್ಟರಿನಲ್ಲೂ ಜಾಸ್ತಿ ಇರಲ್ಲ. ನಾನೂ ಈ ರವಿವಾರ ಅಪ್ಪನ ಟ್ರಂಕ್ ತೆಗೆದು ಅವರ ಡ್ಯೂಟಿ ಕಾಗದ ಏನಿದೆಯೋ ಫೋಟೋ ಹಾಕ್ತೀನಿ.

ಹೈಕೋರ್ಟ್ ಪೀಠ
ಕರಡು ಕೆಳಗಿನ ಪೋಸ್ಟಿನಲ್ಲಿ ಹಾಕ್ತಿದ್ದೀನಿ. ಊರಿನ ಹೆಸರಿನ ಜಾಗ ಖಾಲಿ ಬಿಟ್ಟಿದ್ದೀನಿ, ನೀವು ತುಂಬಿಸಿಕೊಳ್ಳಿ. ಗ್ರಾಮಸಭೆಗೆ ಮೊದಲೇ ಅರ್ಜಿ ಹೋಗಲಿ, ಸ್ವೀಕೃತಿ ರಸೀದಿ ಕೈಯಲ್ಲಿಟ್ಟುಕೊಂಡೇ ಸಭೆಗೆ ಹೋಗಿ.